ಪೆಗಿ ಆಶ್‌ಕ್ರಾಫ್ಟ್: ಮೊದಲು ರಂಗ, ಆಮೇಲೆ ಆಸ್ಕರ್

ಬ್ರಿಟಿಷ್ ನಟಿ ಪೆಗಿ ಆಶ್‌ಕ್ರಾಫ್ಟ್ ಅಂದರೆ ನಮ್ಮಲ್ಲಿ ಹೆಚ್ಚಿನವರಿಗೆ ನೆನಪಾಗುವುದು ‘ಎ ಪ್ಯಾಸೇಜ್ ಟು ಇಂಡಿಯಾ’ ಸಿನಿಮಾದ ಮಿಸೆಸ್ ಮೂರ್. ಆದರೆ ಆ ಪಾತ್ರ ಮಾಡುವ ಹೊತ್ತಿಗೆ ಆಕೆಗೆ 75 ದಾಟಿತ್ತು, ರಂಗಕ್ಕೆ ಬಂದು ಅರ್ಧ ಶತಮಾನವೇ ಕಳೆದಿತ್ತು. ಹಾಗಾಗಿ ನಾಟಕದಿಂದಲೇ ಶುರು ಮಾಡೋಣ.

ಹುಟ್ಟಿದ್ದು 1907ರಲ್ಲಿ, ಲಂಡನ್ ಪಕ್ಕದ ಕ್ರಾಯ್ಡನ್‌ನಲ್ಲಿ. ತಂದೆ ಮೊದಲ ಮಹಾಯುದ್ಧದಲ್ಲಿ ಸತ್ತರು. ಲಂಡನ್‌ನ ಸೆಂಟ್ರಲ್ ಸ್ಕೂಲ್ ಎಂಬ ನಾಟಕ ಶಾಲೆಯಲ್ಲಿ ಕಲಿತು, 1926ರಲ್ಲಿ ಬರ್ಮಿಂಗ್‌ಹ್ಯಾಮ್ ರೆಪರ್ಟರಿ ನಾಟಕ ಕಂಪನಿಯಲ್ಲಿ ಮೊದಲ ಪಾತ್ರ ಮಾಡಿದರು.

ನಾಲ್ಕೇ ವರ್ಷಕ್ಕೆ, 1930ರಲ್ಲಿ, ಲಂಡನ್‌ನ ಸವಾಯ್ ಥಿಯೇಟರ್‌ನಲ್ಲಿ ಶೇಕ್ಸ್‌ಪಿಯರ್‌ನ ‘ಒಥೆಲೊ’ ನಾಟಕದ ನಾಯಕಿ ಡೆಸ್ಡಿಮೋನಾ. ಒಥೆಲೊ ಆಗಿದ್ದವರು ಕಪ್ಪು ಅಮೆರಿಕನ್ ನಟ, ಗಾಯಕ ಪಾಲ್ ರೋಬ್ಸನ್. ರಂಗದ ಮೇಲೆ ಅವರಿಬ್ಬರ ಸಾಮೀಪ್ಯವನ್ನು ಸಹಿಸದವರು ಆಕೆಗೆ ಬೈಗುಳದ ಪತ್ರ ಬರೆದರು. ಪಕ್ಕದ ಸವಾಯ್ ಹೋಟೆಲ್‌ನಲ್ಲಿ ರೋಬ್ಸನ್‌ಗೆ ಸ್ವಾಗತ ಇರಲಿಲ್ಲ. ಆಕೆಯ ರಾಜಕೀಯ ಪ್ರಜ್ಞೆಯ ಬಗ್ಗೆ ಬರೆಯುವವರು ಈ ನಾಟಕವನ್ನು ಬಿಡಬಾರದು.

1935ರಲ್ಲಿ ಜೂಲಿಯೆಟ್. ಹೆಸರಾಂತ ನಟರಾದ ಜಾನ್ ಗೀಲ್ಗುಡ್, ಲಾರೆನ್ಸ್ ಒಲಿವಿಯರ್ ಇಬ್ಬರೂ ರೋಮಿಯೋ ಮತ್ತು ಮರ್ಕ್ಯೂಷಿಯೋ ಪಾತ್ರಗಳನ್ನು ಅದಲುಬದಲು ಮಾಡಿಕೊಂಡ ಪ್ರಯೋಗ ಅದು. ಎಲ್ಲರೂ ಆ ಇಬ್ಬರ ಪೈಪೋಟಿಯ ಬಗ್ಗೆಯೇ ಮಾತಾಡುತ್ತಾರೆ. ಇಬ್ಬರು ರೋಮಿಯೋಗಳಿಗೂ ಜೂಲಿಯೆಟ್ ಒಬ್ಬಳೇ ಅನ್ನೋದು ಮರೆತೇ ಹೋಗುತ್ತದೆ, ಅಲ್ವಾ? ಅದೇ ವರ್ಷ ಹಿಚ್‌ಕಾಕ್‌ನ ‘ದಿ 39 ಸ್ಟೆಪ್ಸ್‌’ನಲ್ಲಿ ಹಳ್ಳಿ ರೈತನ ಹೆಂಡತಿಯಾಗಿ ಸಣ್ಣ ಪಾತ್ರ. ಚೆನ್ನಾಗಿಯೇ ಇದೆ, ಆದರೂ ಸಿನಿಮಾ ಕಡೆ ಆಕೆ ಜಾಸ್ತಿ ವಾಲಲಿಲ್ಲ. 1956ರಲ್ಲಿ ‘ಡೇಮ್’ (ಗಂಡಸರಿಗೆ ‘ಸರ್’ ಇದ್ದಂತೆ) ಗೌರವ ಸಿಕ್ಕಿದ್ದೂ ರಂಗದ ಕೆಲಸಕ್ಕೇ.

ನನ್ನ ಪ್ರಕಾರ ಆಕೆಯ ದೊಡ್ಡ ಸಾಧನೆ 1963ರದ್ದು. ನಿರ್ದೇಶಕ ಪೀಟರ್ ಹಾಲ್ 1960ರ ದಶಕದ ಆರಂಭದಲ್ಲಿ ರಾಯಲ್ ಶೇಕ್ಸ್‌ಪಿಯರ್ ಕಂಪನಿ ಕಟ್ಟಿದಾಗ ಜೊತೆಗೆ ನಿಂತ ಹಿರಿಯ ತಾರೆ ಈಕೆ. ಅಲ್ಲಿ ‘ದಿ ವಾರ್ಸ್ ಆಫ್ ದಿ ರೋಸಸ್’ ಮಾಡಿದರು. ಶೇಕ್ಸ್‌ಪಿಯರ್‌ನ ‘ಆರನೇ ಹೆನ್ರಿ’ಯ ಮೂರು ಭಾಗ ಮತ್ತು ‘ಮೂರನೇ ರಿಚರ್ಡ್’ ಸೇರಿಸಿ, ಜಾನ್ ಬಾರ್ಟನ್ ಮೂರು ನಾಟಕಗಳಾಗಿ ಹೊಂದಿಸಿದ್ದರು. ಅದರಲ್ಲಿ ಹೆನ್ರಿಯ ರಾಣಿ ಮಾರ್ಗರೆಟ್ ಹದಿಹರೆಯದ ಹುಡುಗಿಯಾಗಿ ಬರುತ್ತಾಳೆ, ಯುದ್ಧ ನಡೆಸುತ್ತಾಳೆ, ಮಗನನ್ನು ಕಳೆದುಕೊಳ್ಳುತ್ತಾಳೆ, ಕೊನೆಗೆ ಎಲ್ಲರನ್ನೂ ಶಪಿಸುವ ಮುದುಕಿಯಾಗುತ್ತಾಳೆ. ಅಷ್ಟನ್ನೂ ಮಾಡಿದ ಆಶ್‌ಕ್ರಾಫ್ಟ್‌ಗೆ ಆಗ 55. ಹುಡುಗಿಯ ಭಾಗಕ್ಕೆ ಬೇರೆ ನಟಿ ಇರಲಿಲ್ಲ. ಬಿಬಿಸಿ ಇದನ್ನು ಚಿತ್ರೀಕರಿಸಿ 1965ರಲ್ಲಿ ಪ್ರಸಾರ ಮಾಡಿತು. ಒಂದೇ ಒಂದು ಕೆಲಸ ನೋಡಲು ಸಮಯ ಇದ್ದರೆ ಇದನ್ನೇ ನೋಡಿ.

ಇನ್ನು ನಮ್ಮೂರಿನ ಸಂಗತಿ. ಡೇವಿಡ್ ಲೀನ್ ನಿರ್ದೇಶನದ ‘ಎ ಪ್ಯಾಸೇಜ್ ಟು ಇಂಡಿಯಾ’ (1984) ಚಿತ್ರೀಕರಣದ ದೊಡ್ಡ ಪಾಲು ಕರ್ನಾಟಕದಲ್ಲೇ ನಡೆಯಿತು. ಬೆಂಗಳೂರು ಅರಮನೆಯ ಆವರಣದಲ್ಲಿ ಚಂದ್ರಾಪುರದ ಸೆಟ್ ಹಾಕಿದ್ದರು. ಕಥೆಯಲ್ಲಿ ಬಿಹಾರದ ಕಡೆಯದು ಎನಿಸುವ ಮರಬಾರ್ ಬೆಟ್ಟಕ್ಕೆ ನಮ್ಮ ಸಾವನದುರ್ಗ, ರಾಮನಗರದ ಬಂಡೆಗಳೇ ಆದವು. ಈ ಚಿತ್ರಕ್ಕೆ ಪೋಷಕ ನಟಿ ವಿಭಾಗದ ಆಸ್ಕರ್ 77ನೇ ವಯಸ್ಸಿನಲ್ಲಿ ಬಂತು, ಆ ವಿಭಾಗದಲ್ಲಿ ಅತಿ ಹಿರಿಯ ವಿಜೇತೆ ಆಕೆ. ಸಮಾರಂಭಕ್ಕೆ ಹೋಗಲಾಗಲಿಲ್ಲ, ಏಂಜೆಲಾ ಲ್ಯಾನ್ಸ್‌ಬರಿ ಸ್ವೀಕರಿಸಿದರು. ಅದೇ ಪಾತ್ರಕ್ಕೆ ಬ್ರಿಟನ್ನಿನ ಸಿನಿಮಾ-ಟಿವಿ ಪ್ರಶಸ್ತಿ ಸಂಸ್ಥೆ ಬಾಫ್ತಾ ಕೊಟ್ಟಿದ್ದು ಮಾತ್ರ ಪ್ರಮುಖ ನಟಿಯ ಪ್ರಶಸ್ತಿ!

1991ರಲ್ಲಿ ಲಂಡನ್‌ನಲ್ಲಿ ತೀರಿಕೊಂಡರು.

ಒಂದು ಗೊಂದಲ ತಪ್ಪಿಸಿ. 1984ರಲ್ಲೇ ಬಂದ ಟಿವಿ ಧಾರಾವಾಹಿ ‘ದಿ ಜ್ಯುವೆಲ್ ಇನ್ ದಿ ಕ್ರೌನ್‌’ನಲ್ಲೂ ಭಾರತದಲ್ಲಿರುವ ವಯಸ್ಸಾದ ಇಂಗ್ಲಿಷ್ ಹೆಂಗಸಿನ ಪಾತ್ರವೇ. ಆದರೆ ಅವಳು ಬಾರ್ಬಿ ಬ್ಯಾಚಲರ್, ಕೆಲಸದಿಂದ ನಿವೃತ್ತಳಾದ ಮಿಷನ್ ಶಿಕ್ಷಕಿ. ಅದಕ್ಕೆ ಸಿಕ್ಕಿದ್ದು ಟಿವಿ ಬಾಫ್ತಾ.