ಪದ ಪರಿಚಯ: ಕ್ಯಾರೆಕ್ಟರ್ ಆರ್ಟಿಸ್ಟ್

ಹಳೇ ಹಿಂದಿ ಸಿನಿಮಾದಲ್ಲಿ ನಾಯಕ, ನಾಯಕಿ, ಖಳನಾಯಕರನ್ನು ಬಿಟ್ಟು ಉಳಿದ ಮುಖ್ಯ ಪಾತ್ರಗಳನ್ನು ಮಾಡುವವರೇ ಕ್ಯಾರೆಕ್ಟರ್ ಆರ್ಟಿಸ್ಟ್. ನಾವು ಪೋಷಕ ನಟರು ಎನ್ನುತ್ತೇವೆ. ಹುಡುಗಿಯ ಅಪ್ಪ, ಆಫೀಸಿನ ಗುಮಾಸ್ತ, ಕಾರ್ಮಿಕರ ಮುಖಂಡ, ಊರ ಹಿರಿಯ, ಇಂಥ ಪಾತ್ರಗಳು. ಪರದೆ ಮೇಲೆ ಇರುವುದು ಸ್ವಲ್ಪ ಹೊತ್ತು, ಆದರೆ ಎಷ್ಟೋ ಸಲ ಕಥೆ ತಿರುಗುವುದು ಇವರಿಂದಲೇ.

ಎ.ಕೆ. ಹಂಗಲ್ ಅವರನ್ನೇ ನೋಡಿ. ಹುಟ್ಟಿದ್ದು 1914ರಲ್ಲಿ. ಹೊಟ್ಟೆಪಾಡಿಗೆ ಬಟ್ಟೆ ಹೊಲಿಯುತ್ತಿದ್ದರು. ಕರಾಚಿಯಲ್ಲಿ ಜೈಲು ಕಂಡು, 1949ರಲ್ಲಿ ಬೊಂಬಾಯಿಗೆ ಬಂದರು. ಅಲ್ಲಿ ಇಪ್ಟಾ ನಾಟಕ ತಂಡ ಸೇರಿದರು. ಸಿನಿಮಾಕ್ಕೆ ಬರುವಾಗ ವಯಸ್ಸು ಸುಮಾರು ಐವತ್ತು. ನಾಯಕನಿಗೆ ಆ ವಯಸ್ಸು ಜಾಸ್ತಿಯಾಯಿತು. ಪೋಷಕ ನಟನಿಗೆ ಅಲ್ಲಿಂದಲೇ ಶುರು.

'ಶೋಲೆ'ಯಲ್ಲಿ (1975) ಅವರು ಕುರುಡ ಇಮಾಮ್ ಸಾಹೇಬರು. ಡಕಾಯಿತ ಗಬ್ಬರ್ ಈ ಇಮಾಮರ ಮಗನನ್ನು ಕೊಂದು ಹೆಣವನ್ನು ಊರಿಗೆ ಕಳಿಸುತ್ತಾನೆ. ಎಲ್ಲರೂ ಸುಮ್ನೆ ನಿಂತಿದ್ದಾರೆ. ಯಾಕಪ್ಪಾ ಇಷ್ಟು ನಿಶ್ಶಬ್ದ ಎಂದು ಅವರು ಕೇಳುತ್ತಾರೆ. ಆ ಮಾತು ಎಲ್ಲರಿಗೂ ಗೊತ್ತು, ಅಲ್ವಾ? ನನಗೆ ಅದರ ನಂತರದ್ದು ಇನ್ನೂ ದೊಡ್ಡದು. ಹೆದರಿದ ಊರವರು, ಗಬ್ಬರ್‌ನನ್ನು ಹಿಡಿಯಲು ಬಂದ ನಾಯಕರಾದ ಜೈ, ವೀರು ಇಲ್ಲಿರುವುದು ಬೇಡ ಎನ್ನುತ್ತಾರೆ. ಮಗನನ್ನು ಕಳಕೊಂಡ ಮುದುಕನೇ ಅದನ್ನು ಒಪ್ಪುವುದಿಲ್ಲ. ಈ ಊರಿಗಾಗಿ ಕೊಡಲು ಇನ್ನಷ್ಟು ಮಕ್ಕಳನ್ನು ಯಾಕೆ ಕರುಣಿಸಲಿಲ್ಲ ಎಂದು ದೇವರನ್ನೇ ಕೇಳುತ್ತೇನೆ ಎನ್ನುತ್ತಾರೆ. ಊರವರ ಬಾಯಿ ಕಟ್ಟಿಹೋಗುತ್ತದೆ. ನಾಯಕರಿಬ್ಬರೂ ಊರಲ್ಲಿ ಉಳಿಯುತ್ತಾರೆ. ಆ ದೃಶ್ಯ ಇಲ್ಲದಿದ್ದರೆ ಮುಂದಿನ ಹೊಡೆದಾಟಕ್ಕೆ ಅರ್ಥವೇ ಇರುತ್ತಿರಲಿಲ್ಲ.

ಒಂದು ಪಾತ್ರ ಜನಕ್ಕೆ ಹಿಡಿಸಿದರೆ ಮತ್ತೆ ಮತ್ತೆ ಅದೇ ಬರುತ್ತದೆ. ಹಂಗಲ್ ಅವರಿಗೂ ಸಾಧು ಮುದುಕರ ಪಾತ್ರಗಳೇ ಸಾಲಾಗಿ ಬಂದವು. 'ಶೌಕೀನ್' (1982) ಮಾತ್ರ ಬೇರೆ. ಅದರಲ್ಲಿ ಅವರು ಹುಡುಗಿಯ ಹಿಂದೆ ಬಿದ್ದ ಮೂವರು ಮುದುಕರಲ್ಲಿ ಒಬ್ಬರು! ಅವರಿಗೆ ಏನೇನು ಬರುತ್ತಿತ್ತು ಎಂದು ತಿಳಿಯಲು ಅದನ್ನು ನೋಡಲೇಬೇಕು.

ಈ ಕೆಲಸಕ್ಕೆ ಇನ್ನೊಂದು ದಾರಿಯಿಂದ ಬಂದವರೂ ಇದ್ದಾರೆ. ಧಾರವಾಡದಲ್ಲಿ ಹುಟ್ಟಿದ ಲೀಲಾ ಚಿಟ್ನಿಸ್, ಬಾಂಬೆ ಟಾಕೀಸ್ ಎಂಬ ಚಿತ್ರ ಸಂಸ್ಥೆಯ ಸಿನಿಮಾಗಳಲ್ಲಿ ಅಶೋಕ್ ಕುಮಾರ್‌ಗೆ ನಾಯಕಿಯಾಗಿದ್ದವರು. ಮುಂದೆ ತಾಯಿ ಪಾತ್ರಗಳಿಗೆ ಹೊರಳಿ, 'ಆವಾರಾ'ದಲ್ಲಿ ರಾಜ್ ಕಪೂರ್‌ಗೆ ಅಮ್ಮನಾದರು.

ದುಡ್ಡಿನ ವಿಷಯದಲ್ಲಿ ಈ ನಟರಿಗೆ ನ್ಯಾಯ ಸಿಗಲಿಲ್ಲ ಎಂದೇ ನನ್ನ ಅನಿಸಿಕೆ. ಹಂಗಲ್ ಇನ್ನೂರಕ್ಕೂ ಜಾಸ್ತಿ ಸಿನಿಮಾ ಮಾಡಿದರು. 2006ರಲ್ಲಿ ಪದ್ಮಭೂಷಣ ಬಂತು. ಆದರೂ 2011ರ ಹೊತ್ತಿಗೆ ಅವರ ಔಷಧದ ಖರ್ಚಿಗೆ ಚಿತ್ರರಂಗದವರು ಕೈ ಜೋಡಿಸಬೇಕಾಯಿತು.