ಎ1 ಗಂಡ, ಎ2 ಅತ್ತೆ, ಎ3 ಮಾವ: ವರದಕ್ಷಿಣೆ ಕೇಸಿಗೆ ಮನೆಮಂದಿ ಬಂದದ್ದು ಹೇಗೆ?

ವರದಕ್ಷಿಣೆ ಕಿರುಕುಳದ ಎಫ್‌ಐಆರ್ ತೆರೆದರೆ ಎ1 (ಅಂದರೆ ಒಂದನೇ ಆರೋಪಿ) ಗಂಡ, ಎ2 ಅತ್ತೆ, ಎ3 ಮಾವ, ಎ4 ನಾದಿನಿ. ಕೆಲವೊಮ್ಮೆ ಬೇರೆ ಊರಲ್ಲಿ ಸಂಸಾರ ಹೂಡಿರುವ ಓರಗಿತ್ತಿಯೂ ಎ6 ಆಗಿರುತ್ತಾಳೆ. ಪಟ್ಟಿ ನೋಡಿದ ತಕ್ಷಣ ‘ಸುಳ್ಳು ಕೇಸು’ ಅನ್ನುವವರು ಈಗ ಜಾಸ್ತಿ. ಆದರೆ ಗಂಡನ ಮನೆಯವರು ಈ ಕಾನೂನಿನೊಳಗೆ ಸುಮ್ನೆ ಬಂದವರಲ್ಲ.

1961ರ ವರದಕ್ಷಿಣೆ ನಿಷೇಧ ಕಾಯ್ದೆ ಕೊಡುವುದು, ತೆಗೆದುಕೊಳ್ಳುವುದು, ಕೇಳುವುದು ತಪ್ಪು ಎಂದಿತ್ತು. ಮದುವೆಯಾದ ಮೇಲೆ ನಾಲ್ಕು ಗೋಡೆಯೊಳಗೆ ನಡೆಯುವ ಹಿಂಸೆಗೆ ಬೇರೆ ಸೆಕ್ಷನ್ ಇರಲಿಲ್ಲ. 1970ರ ದಶಕದ ಕೊನೆಗೆ ದೆಹಲಿಯಲ್ಲಿ ಸೊಸೆಯಂದಿರು ಸುಟ್ಟು ಸಾಯುವ ಸುದ್ದಿ ಮೇಲಿಂದ ಮೇಲೆ ಬರತೊಡಗಿತು. ‘ಸ್ಟೌ ಸಿಡಿಯಿತು’ ಅಂದರೆ ಮುಗೀತು, ಎಷ್ಟೋ ಸಾವುಗಳು ಆಕಸ್ಮಿಕದ ಲೆಕ್ಕಕ್ಕೆ ಹೋಗುತ್ತಿದ್ದವು. 1979ರಲ್ಲಿ ಮಗಳನ್ನು ಹೀಗೇ ಕಳೆದುಕೊಂಡ ಸತ್ಯರಾಣಿ ಚಡ್ಢಾ ಬೀದಿಗಿಳಿದು ಹೋರಾಡಿದರು, ಮೂರು ದಶಕ ಕೋರ್ಟು ಅಲೆದರು. 1980ರ ಡಿಸೆಂಬರಿನಲ್ಲಿ ದೆಹಲಿಯ ಇನ್ನೊಬ್ಬ ತುಂಬು ಗರ್ಭಿಣಿ ಸುಟ್ಟು ಸತ್ತಾಗ ಗಂಡ, ಅತ್ತೆ, ಗಂಡನ ಸಹೋದರ ಮೂವರ ಮೇಲೂ ಕೇಸಾಯಿತು. ಕೆಳಗಿನ ಕೋರ್ಟು ಮೂವರಿಗೂ ಗಲ್ಲು ವಿಧಿಸಿತು, ಹೈಕೋರ್ಟು ಮೂವರನ್ನೂ ಬಿಟ್ಟಿತು, 1985ರಲ್ಲಿ ಸುಪ್ರೀಂ ಕೋರ್ಟು ಗಂಡ ಮತ್ತು ಅತ್ತೆಗೆ ಜೀವಾವಧಿ ಕೊಟ್ಟು ಸಹೋದರನ ಬಿಡುಗಡೆಯನ್ನು ಎತ್ತಿಹಿಡಿಯಿತು. ಒಂದೇ ಮನೆಯವರು ಅಂತ ಎಲ್ಲರನ್ನೂ ಒಂದೇ ತಕ್ಕಡಿಯಲ್ಲಿ ತೂಗಲಿಲ್ಲ, ಅದು ಮುಖ್ಯ.

ಈ ಹೋರಾಟಗಳ ನಡುವೆಯೇ, 1983ರ ಡಿಸೆಂಬರ್ 25ರಂದು, ಭಾರತೀಯ ದಂಡ ಸಂಹಿತೆಯ 498ಎ ಸೆಕ್ಷನ್ ಜಾರಿಗೆ ಬಂತು. ಹಿಂಸೆ ಕೊಟ್ಟವರು ಗಂಡನಾಗಲಿ, ಗಂಡನ ಸಂಬಂಧಿಕರಾಗಲಿ, ಮೂರು ವರ್ಷದವರೆಗೆ ಜೈಲು. ಜಾಮೀನು ಹಕ್ಕಿನಂತೆ ಸಿಗುವುದಿಲ್ಲ. ಮದುವೆಯಾದ ಏಳು ವರ್ಷದೊಳಗಿನ ವರದಕ್ಷಿಣೆ ಸಾವಿಗೆ 304ಬಿ ಬಂದದ್ದು 1986ರಲ್ಲಿ. ಆಮೇಲೂ ಬೆಂಕಿ ನಿಲ್ಲಲಿಲ್ಲ. ಬೆಂಗಳೂರಿನ ವಿಕ್ಟೋರಿಯಾ ಆಸ್ಪತ್ರೆಯ ಸುಟ್ಟ ಗಾಯದ ವಾರ್ಡಿಗೆ ‘ವಿಮೋಚನಾ’ ಸಂಘಟನೆಯ ಹೆಂಗಸರು ಹೋಗಿ ಕೂತು ಕೇಳಿದಾಗ ಎಷ್ಟೋ ‘ಅಡುಗೆಮನೆ ಅಪಘಾತ’ಗಳ ಹಿಂದಿನ ಕಥೆ ಬೇರೆಯೇ ಇತ್ತು.

ತೊಂದರೆ ಶುರುವಾದದ್ದು ಪೊಲೀಸರು ದೂರು ಬಂದ ಕೂಡಲೇ ಹೆಸರಿದ್ದವರನ್ನೆಲ್ಲ ಎತ್ತಿಕೊಂಡು ಹೋಗತೊಡಗಿದಾಗ. 2012 ಒಂದೇ ವರ್ಷದಲ್ಲಿ 498ಎ ಅಡಿ ಬಂಧನವಾದವರು 1,97,762 ಮಂದಿ. ಅದರಲ್ಲಿ 47,951 ಹೆಂಗಸರು, ಅಂದರೆ ಹೆಚ್ಚಾಗಿ ಅತ್ತೆ, ನಾದಿನಿಯರೇ. ಶಿಕ್ಷೆಯಾದದ್ದು ಶೇ. 15 ಕೇಸುಗಳಲ್ಲಿ. ಈ ಅಂಕಿಗಳನ್ನು ಮುಂದಿಟ್ಟುಕೊಂಡೇ ಸುಪ್ರೀಂ ಕೋರ್ಟಿನ 2014ರ ಅರ್ನೇಶ್ ಕುಮಾರ್ ತೀರ್ಪು ಕಾರಣ ಬರೆಯದೆ ಬಂಧಿಸಬೇಡಿ, ಮೊದಲು ನೋಟಿಸ್ ಕೊಡಿ ಎಂದಿತು. ಸರಿಯಾದ ಮಾತೇ.

ಆದರೆ ಶೇ. 15 ಅಂದರೆ ಉಳಿದದ್ದೆಲ್ಲ ಸುಳ್ಳು ಅಂತ ಅಲ್ಲ. ಸಾಕ್ಷಿ ಹೇಳಬೇಕಾದವರು ಅದೇ ಮನೆಯವರು, ಅವರು ಯಾಕೆ ಬಾಯಿ ಬಿಡ್ತಾರೆ? ಜೊತೆಗೆ ರಾಜಿ. ಈ ಅಪರಾಧವನ್ನು ಕೆಳಗಿನ ಕೋರ್ಟಿನಲ್ಲಿ ಸುಮ್ನೆ ರಾಜಿ ಮಾಡಿಕೊಂಡು ಮುಗಿಸಲು ಬರುವುದಿಲ್ಲ, ಅದಕ್ಕೇ ಜೀವನಾಂಶ, ಒಡವೆ, ವಿಚ್ಛೇದನ ಎಲ್ಲ ಮಾತಾಡಿಕೊಂಡ ಮೇಲೆ ಹೈಕೋರ್ಟಿಗೆ ಹೋಗಿ ಕೇಸು ಕ್ವಾಶ್ (ರದ್ದು) ಮಾಡಿಸುತ್ತಾರೆ. ದೂರದ ಸಂಬಂಧಿಕರ ಹೆಸರು ಸೇರುವುದೂ ಎಷ್ಟೋ ಸಲ ಈ ಮಾತುಕತೆಗೆ ಬಲ ಬರಲಿ ಅಂತ. ಇದು ತಪ್ಪು. ಪೆಟ್ಟು ಬೀಳುವುದು ಕೊನೆಗೆ ದೂರು ಕೊಟ್ಟವಳಿಗೇ.

2022ರ ಕಹಕಶಾನ್ ಕೌಸರ್ ತೀರ್ಪಿನಲ್ಲೂ 2024ರ ಡಿಸೆಂಬರಿನ ದಾರಾ ಲಕ್ಷ್ಮೀನಾರಾಯಣ ತೀರ್ಪಿನಲ್ಲೂ ಸುಪ್ರೀಂ ಕೋರ್ಟು ಹೇಳಿದ್ದು ಹೆಚ್ಚುಕಡಿಮೆ ಇದನ್ನೇ: ಯಾರು ಏನು ಮಾಡಿದರು ಅಂತ ಇರದಿದ್ದರೆ ಸಂಬಂಧಿಕರ ಮೇಲಿನ ಕೇಸು ನಿಲ್ಲದು. ‘ಅತ್ತೆ, ಮಾವ, ನಾದಿನಿ ಸೇರಿ ಕಿರುಕುಳ ಕೊಟ್ಟರು’ ಅನ್ನುವ ಸಾಲು ಬಿದ್ದುಹೋಗುತ್ತದೆ. ‘ಯುಗಾದಿ ಮರುದಿನ ಅತ್ತೆ ಬಳೆ ಬಿಚ್ಚಿಸಿಕೊಂಡರು, ತವರಿಂದ ಎರಡು ಲಕ್ಷ ತಂದರೇ ಒಳಗೆ ಬಾ ಅಂದರು, ಮಾವ ಬಾಗಿಲು ಹಾಕಿದರು’ ಅಂತಿದ್ದರೆ ವಿಚಾರಣೆಗೆ ನಿಲ್ಲುವ ಸಾಧ್ಯತೆ ಜಾಸ್ತಿ. ದಿನ, ಜಾಗ, ಕೈ ಎತ್ತಿದವರ ಹೆಸರು ಬೇಕು. ಮಗು ಎತ್ತಿಕೊಂಡು ತವರಿಗೆ ಬಂದವಳನ್ನು ಕೂರಿಸಿ ಇಷ್ಟನ್ನು ಸಮಾಧಾನದಿಂದ ಕೇಳಿ ಬರೆಯುವವರು ಠಾಣೆಯಲ್ಲೂ ಇರಬೇಕು, ವಕೀಲರ ಆಫೀಸಿನಲ್ಲೂ ಇರಬೇಕು.

2024ರ ಜುಲೈ 1ರಿಂದ 498ಎ ಜಾಗಕ್ಕೆ ಭಾರತೀಯ ನ್ಯಾಯ ಸಂಹಿತೆಯ 85, 86ನೇ ಸೆಕ್ಷನ್ ಬಂದಿವೆ, ಹುರುಳು ಅದೇ. ನನಗೆ ಕಳವಳ ಇರುವುದು ಇನ್ನೊಂದರ ಬಗ್ಗೆ. ದೂರು ಮೊದಲು ಕುಟುಂಬ ಕಲ್ಯಾಣ ಸಮಿತಿ ಮುಂದೆ ಹೋಗಲಿ ಎಂದು 2017ರಲ್ಲಿ ಸುಪ್ರೀಂ ಕೋರ್ಟೇ ಹೇಳಿ, 2018ರಲ್ಲಿ ತಾನೇ ಅದನ್ನು ತೆಗೆದುಹಾಕಿತ್ತು. 2025ರ ಜುಲೈನಲ್ಲಿ ಸುಪ್ರೀಂ ಕೋರ್ಟು ಅಲಹಾಬಾದ್ ಹೈಕೋರ್ಟಿನ ಅದೇ ಬಗೆಯ ಮಾರ್ಗಸೂಚಿಗೆ ಒಪ್ಪಿಗೆ ಕೊಟ್ಟಿದೆ: ಎರಡು ತಿಂಗಳು ಬಂಧನ ಇಲ್ಲ, ಅಷ್ಟರೊಳಗೆ ಸಮಿತಿ ಮಾತಾಡಿಸಲಿ ಅಂತ. ದೂರದ ನಾದಿನಿಗೆ ಇದು ರಕ್ಷಣೆ, ಒಪ್ಪೋಣ. ಆದರೆ ನಿಜವಾಗಿ ಹೊಡೆದವನಿಗೂ ಅದೇ ಎರಡು ತಿಂಗಳು ಸಿಗುತ್ತದೆ ಅಲ್ವಾ? ಅಷ್ಟು ದಿನ ಅವಳ ಮೇಲೆ ‘ಕೇಸು ವಾಪಸ್ ತಗೋ’ ಅನ್ನುವ ಒತ್ತಡ ಬೀಳದಂತೆ ನೋಡಿಕೊಳ್ಳುವವರು ಯಾರು?