‘ಕಿಲ್ಲರ್ಸ್ ಕಿಸ್’: ತುಟಿಗೂ ಮಾತಿಗೂ ತಾಳ ತಪ್ಪಿದ್ದೇಕೆ?

ಪ್ರಶ್ನೆ: ಸ್ಟಾನ್ಲಿ ಕುಬ್ರಿಕ್‌ನ ‘ಕಿಲ್ಲರ್ಸ್ ಕಿಸ್’ನಲ್ಲಿ ಬಾಕ್ಸಿಂಗ್ ದೃಶ್ಯ ಬಹಳ ಚೆನ್ನಾಗಿದೆ. ಪಾತ್ರಗಳು ಬಾಯಿ ತೆರೆದರೆ ಮಾತ್ರ ಡಬ್ಬಿಂಗ್ ಸಿನಿಮಾ ನೋಡಿದ ಹಾಗಾಗುತ್ತದೆ. ಪ್ರಿಂಟ್ ಕೆಟ್ಟಿದೆಯೇ?

ಉತ್ತರ: ಪ್ರಿಂಟ್ ಸರಿಯಾಗಿಯೇ ಇದೆ. 1955ರ ಈ ಚಿತ್ರದ ಮಾತುಗಳನ್ನು ಶೂಟಿಂಗ್ ಮುಗಿದ ಮೇಲೆ ಸೇರಿಸಿದ್ದು. ಸುಮಾರು 75,000 ಡಾಲರ್ ಖರ್ಚಿನಲ್ಲಿ, ಚಿಕ್ಕ ತಂಡ ಕಟ್ಟಿಕೊಂಡು ನ್ಯೂಯಾರ್ಕಿನಲ್ಲೇ ತೆಗೆದ ಚಿತ್ರ. ನಿರ್ದೇಶನ, ಛಾಯಾಗ್ರಹಣ, ಸಂಕಲನ ಮೂರೂ ಕುಬ್ರಿಕ್‌ನದೇ. ‘ಲುಕ್’ ಪತ್ರಿಕೆಯ ಫೋಟೋಗ್ರಾಫರ್ ಆಗಿ ಪಳಗಿದವನು, ಬೆಳಕಿನಲ್ಲಿ ರಾಜಿಯಿಲ್ಲ. ಮೈಕಿನ ನೆರಳು ಚೌಕಟ್ಟಿನೊಳಗೆ ಬೀಳತೊಡಗಿದಾಗ ದೀಪ ಸರಿಸಲಿಲ್ಲ, ಮೈಕನ್ನೇ ಕೈಬಿಟ್ಟ.

ಆಗಿನ ಡಬ್ಬಿಂಗ್ ಹೀಗಿತ್ತು: ಒಂದೆರಡು ಸಾಲಿನಷ್ಟು ಫಿಲಂ ಕತ್ತರಿಸಿ, ತುದಿಗೆ ತುದಿ ಅಂಟಿಸಿ, ಸುತ್ತಿ ಸುತ್ತಿ ಓಡಿಸುವುದು. ನಟ ತನ್ನ ತುಟಿಯನ್ನೇ ನೋಡುತ್ತ ಮತ್ತೆ ಮತ್ತೆ ಹೇಳಬೇಕು. ಸೆಕೆಂಡಿಗೆ 24 ಫ್ರೇಮ್. ನಾಲ್ಕೈದು ಫ್ರೇಮ್ ಹಿಂದೆ ಮುಂದಾದರೂ ಕಣ್ಣು ಹಿಡಿದುಬಿಡುತ್ತದೆ. ಮೊದಲು ಗುಟ್ಟು ರಟ್ಟು ಮಾಡುವುದು ಪ, ಬ, ಮ: ತುಟಿ ಮುಚ್ಚದೆ ಆ ಅಕ್ಷರ ಹೊರಡುವುದಿಲ್ಲವಲ್ಲ. ಜೊತೆಗೆ, ಮೈಕಿಗೆ ಹತ್ತಿರ ನಿಂತು ಹೇಳಿದ ಮಾತಿನಲ್ಲಿ ಕೋಣೆಯ ಗುಂಯ್‌ಗುಡುವಿಕೆ ಇರದು. ಹಾಗಾಗಿ ದೂರದಲ್ಲಿ ನಿಂತವನೂ ಕಿವಿಯ ಪಕ್ಕದಲ್ಲೇ ಮಾತಾಡಿದಂತೆ ಕೇಳುತ್ತದೆ. ನಾಯಕಿ ಗ್ಲೋರಿಯಾಳ ದನಿಯಂತೂ ಆ ಪಾತ್ರ ಮಾಡಿದ ಐರೀನ್ ಕೇನ್‌ಳದ್ದೇ ಅಲ್ಲ, ಬೇರೊಬ್ಬ ನಟಿಯದು.

ಇನ್ನು ರಿಂಗ್. ಕಥಾನಾಯಕ ಬಾಕ್ಸರ್ ಡೇವಿ ಮತ್ತು ಎದುರಾಳಿ ಕಿಡ್ ರೊಡ್ರಿಗಸ್ ಹೊಡೆದಾಡುವಾಗ ಹೊಂದಿಸಬೇಕಾದ ಸಂಭಾಷಣೆಯೇ ಇಲ್ಲ. ಏಟಿನ ಸದ್ದು, ಗಂಟೆ, ಜನರ ಕೂಗು, ಎಲ್ಲವನ್ನೂ ಆಮೇಲೆ ಕೂರಿಸಬಹುದು. ಧ್ವನಿಯ ಹಂಗಿಲ್ಲದ ಕ್ಯಾಮೆರಾವನ್ನು ಕೈಯಲ್ಲೇ ಹಿಡಿದು ಹಗ್ಗದೊಳಕ್ಕೆ ನುಗ್ಗಿಸಬಹುದು. ಅದು ನೆಲಮಟ್ಟಕ್ಕೆ ಇಳಿದು ಕಾಲುಗಳ ನಡುವಿನಿಂದ ನೋಡುತ್ತದೆ; ಗ್ಲೌಸ್ ನೇರ ಲೆನ್ಸಿಗೇ ಬರುತ್ತದೆ. ಸುತ್ತ ಕತ್ತಲೆ ಇದ್ದರಂತೂ ಸಾವಿರಾರು ಪ್ರೇಕ್ಷಕರನ್ನು ಕರೆಸುವ ಖರ್ಚೂ ಉಳಿಯಿತು. ಈ ಕಸುಬನ್ನು ಆತ ಬಾಕ್ಸರ್ ವಾಲ್ಟರ್ ಕಾರ್ಟಿಯರ್ ಕುರಿತ ಕಿರುಚಿತ್ರ ‘ಡೇ ಆಫ್ ದ ಫೈಟ್’ನಲ್ಲೇ (1951) ಕಲಿತಿದ್ದ.

ಕೊನೆಯ ಬೊಂಬೆ ಕಾರ್ಖಾನೆಯ ಕಾಳಗವನ್ನೂ ಇದೇ ಕಿವಿಯಿಂದ ಕೇಳಿ. ಅಲ್ಲೂ ಮಾತಿಲ್ಲ, ಏದುಸಿರು ಮತ್ತು ಮುರಿಯುವ ಸದ್ದು ಅಷ್ಟೇ. ನಮ್ಮ ಲೆಕ್ಕದಲ್ಲಿ 67 ನಿಮಿಷದ ಈ ಚಿತ್ರದಲ್ಲಿ ಧ್ವನಿ ಅತಿ ಚೆನ್ನಾಗಿ ಕೂತಿರುವುದು ಅಲ್ಲೇ.